ಡಲ್ಲಾಸ್‌ನ ರೇಂಜು, ಸಿರುಗುಪ್ಪದ ಬಂದೂಕು

ಊರಿಗೆ ಬಂದಾಗಲೆಲ್ಲ ಯಾರಾದರೊಬ್ಬರು ಕೇಳಿಯೇ ಕೇಳುತ್ತಾರೆ: "ಅಮೆರಿಕಾದಾಗ ತರಕಾರಿ ತಂದಂಗ ಬಂದೂಕು ತರಬಹುದಂತಲ್ಲ, ಖರೇನಾ?" ಸಿರುಗುಪ್ಪದ ಹೋಟೆಲಿನಲ್ಲಿ ಒಗ್ಗರಣೆ, ಮಿರ್ಚಿ ಮುಂದಿಟ್ಟುಕೊಂಡು ಇದಕ್ಕೆ ಒಂದೇ ಮಾತಿನಲ್ಲಿ ಉತ್ತರ ಹೇಳುವುದು ಆಗದ ಕೆಲಸ. ಹೌದು ಅಂದರೆ ಪೂರ್ತಿ ನಿಜ ಅಲ್ಲ. ಇಲ್ಲ ಅಂದರೆ ಅದು ಇನ್ನೂ ದೊಡ್ಡ ಸುಳ್ಳು. ಅದಕ್ಕೇ ಸ್ವಲ್ಪ ಉದ್ದಕ್ಕೆ ಬರೆಯುತ್ತಿದ್ದೇನೆ.

ನಾನು ಟೆಕ್ಸಾಸ್‌ನಲ್ಲಿ, ಡಲ್ಲಾಸ್ ಹೊರವಲಯದಲ್ಲಿ ಇರುವವನು. ಬಳ್ಳಾರಿಯಲ್ಲಿ ಓದುವಾಗ ಎನ್‌ಸಿಸಿಯಲ್ಲಿದ್ದೆ. ಕ್ಯಾಂಪಿನಲ್ಲಿ ಮಕಾಡೆ ಮಲಗಿ .22 ರೈಫಲ್‌ನಲ್ಲಿ ಗುಂಡು ಹೊಡೆಯುವ ರುಚಿ ಹತ್ತಿದ್ದು ಅಲ್ಲೇ. ಈಗ ನನ್ನ ಹತ್ತಿರ ಇರುವುದೂ ಒಂದು .22 ಬೋಲ್ಟ್ ಆಕ್ಷನ್ ಮಾತ್ರ, ಅಂದರೆ ಗುಂಡಿನ ಕೋಣೆ ಮುಚ್ಚುವ ಅಗಳಿಯನ್ನು (ಬೋಲ್ಟ್) ಪ್ರತಿ ಗುಂಡಿಗೂ ಕೈಯಿಂದ ಎಳೆದು ತಳ್ಳಬೇಕು. ಆದರೆ ಗೆಳೆಯರು ಹೊಸ ರೈಫಲ್ ಕೊಂಡರೆ ರೇಂಜಿಗೆ, ಅಂದರೆ ಗುರಿಗೆ ಗುಂಡು ಹೊಡೆಯುವ ಮೈದಾನಕ್ಕೆ, ನನ್ನನ್ನೂ ಕರೆಯುತ್ತಾರೆ. ಯಾಕೆಂದರೆ ನಾನು ನೋಟ್‌ಬುಕ್ ಹಿಡಿದು ಕೂರುತ್ತೇನೆ, ಬೇಜಾರು ಮಾಡಿಕೊಳ್ಳುವುದಿಲ್ಲ.

ಎರಡೂ ಕಡೆ ನೋಡಿದ ಮೇಲೆ ನನಗೆ ಅನಿಸಿದ್ದು ಇಷ್ಟು. ಅಲ್ಲಿಯವರು ಬಂದೂಕನ್ನು ಕೂದಲೆಳೆಯಷ್ಟೂ ಬಿಡದೆ ಪರೀಕ್ಷೆ ಮಾಡುತ್ತಾರೆ, ಕೊಳ್ಳುವ ಮನುಷ್ಯನನ್ನು ಮಾತ್ರ ಮೇಲೆ ಮೇಲೆ ನೋಡಿ ಬಿಟ್ಟುಬಿಡುತ್ತಾರೆ. ನಮ್ಮಲ್ಲಿ ಉಲ್ಟಾ. ಮನುಷ್ಯನ ಜಾತಕವನ್ನೆಲ್ಲ ಜಾಲಾಡುತ್ತಾರೆ, ಲೈಸೆನ್ಸ್ ಕೊಟ್ಟ ಮೇಲೆ ಆ ಬಂದೂಕು ಏನಾಯಿತು, ಅವನಿಗೆ ಅದನ್ನು ಹಿಡಿಯಲು ಬರುತ್ತದಾ ಅಂತ ಯಾರೂ ಕೇಳುವುದಿಲ್ಲ. ಈ ಎರಡರಲ್ಲಿ ಒಂದನ್ನೇ ಆರಿಸಿಕೊಳ್ಳಬೇಕು ಅಂದರೆ ನಾನು ಕಣ್ಣು ಮುಚ್ಚಿ ನಮ್ಮ ದಾರಿಯನ್ನೇ ಆರಿಸುತ್ತೇನೆ. ಹಾಗಂತ ಅವರ ರೇಂಜಿನಿಂದ ಕಲಿಯುವುದು ಏನೂ ಇಲ್ಲ ಅಂತಲ್ಲ.

ಮೊದಲು ರೇಂಜಿನ ಕಥೆ. ಗೆಳೆಯ ಕೊಂಡಿದ್ದು ಎಆರ್-15 ಜಾತಿಯ ರೈಫಲ್. 1950ರ ದಶಕದಲ್ಲಿ ಆರ್ಮಲೈಟ್ ಕಂಪನಿಯಲ್ಲಿದ್ದ ಯೂಜೀನ್ ಸ್ಟೋನರ್ ರೂಪಿಸಿದ ವಿನ್ಯಾಸ. 1959ರಲ್ಲಿ ಕೋಲ್ಟ್ ಕಂಪನಿ ಅದರ ಹಕ್ಕು ಕೊಂಡಿತು. ಈಗ ಹತ್ತಾರು ಕಂಪನಿಗಳು ಅದೇ ನಕ್ಷೆಯ ಮೇಲೆ ತಮ್ಮ ತಮ್ಮ ರೈಫಲ್ ಮಾಡುತ್ತವೆ. ಸೆಮಿ ಆಟೋಮ್ಯಾಟಿಕ್ ಅಂದರೆ ಟ್ರಿಗರ್ ಒಮ್ಮೆ ಎಳೆದರೆ ಒಂದೇ ಗುಂಡು. ಆದರೆ ಮುಂದಿನ ಗುಂಡನ್ನು ನಾವು ಕೈಯಿಂದ ತುಂಬಬೇಕಿಲ್ಲ. ಗುಂಡು ನಳಿಗೆಯಲ್ಲಿ ಓಡುವಾಗ ಅದರ ಹಿಂದಿನ ಗ್ಯಾಸ್ ಸ್ವಲ್ಪ ಒಂದು ಸಣ್ಣ ತೂತಿನಿಂದ ಹೊರಬಂದು ಬೋಲ್ಟನ್ನು ಹಿಂದಕ್ಕೆ ತಳ್ಳುತ್ತದೆ. ಗುಂಡಿನ ಖಾಲಿ ಹಿತ್ತಾಳೆ ಕವಚ, ಅಂದರೆ ಕೇಸು, ಹೊರಗೆ ಹಾರುತ್ತದೆ. ಸ್ಪ್ರಿಂಗ್ ಬೋಲ್ಟನ್ನು ಮುಂದಕ್ಕೆ ನೂಕುವಾಗ ಗುಂಡು ತುಂಬಿಟ್ಟ ಡಬ್ಬಿಯಿಂದ, ಅಂದರೆ ಮ್ಯಾಗಜೀನ್‌ನಿಂದ, ಇನ್ನೊಂದು ಗುಂಡು ಒಳಗೆ ಹೋಗಿ ಕೂರುತ್ತದೆ. ಕಣ್ಣು ಮಿಟುಕಿಸುವುದರೊಳಗೆ ಇಷ್ಟೂ ಆಗಿಹೋಗಿರುತ್ತದೆ.

ಸಿನಿಮಾ ನೋಡಿ ಬಂದವರು ರೇಂಜಿಗೆ ಹೋದರೆ ನಿರಾಸೆ ಗ್ಯಾರಂಟಿ. ಅಲ್ಲಿ ಅರ್ಧ ಹೊತ್ತು ಸುಮ್ನೆ ಕಾಯುವುದೇ. ರೇಂಜ್ ಆಫೀಸರ್ ಕೂಗಿದ ಮೇಲೆ ಎಲ್ಲರೂ ಬೋಲ್ಟ್ ತೆರೆದು, ಗುಂಡಿನ ಕೋಣೆಯಲ್ಲಿ ಬಣ್ಣದ ಪ್ಲಾಸ್ಟಿಕ್ ಬಾವುಟ ಸಿಕ್ಕಿಸಿ, ಮೇಜಿನಿಂದ ಹಿಂದೆ ಸರಿದು ನಿಲ್ಲಬೇಕು. ಆಮೇಲೆ ಗುರಿ ಹಲಗೆಯ ಹತ್ತಿರ ಹೋಗಿ ಕಾಗದ ಬದಲಾಯಿಸಬೇಕು. ಮುಂದೆ ಜನ ಇರುವಾಗ ಯಾರಾದರೂ ಬಂದೂಕು ಮುಟ್ಟಿದರೆ, ಬರೀ ಸರಿಸಿ ಇಟ್ಟರೂ ಸರಿ, ಆವತ್ತಿಗೆ ಮನೆಗೆ. ನಮ್ಮ ಪಕ್ಕದ ಮೇಜಿನವನು ದುರ್ಬೀನಿನ ಮುಚ್ಚಳ ಹಾಕಲು ಕೈ ಚಾಚಿದ್ದಷ್ಟೇ, ಆ ಆಫೀಸರಜ್ಜ ಎಂತಹ ಜೋರಾಗಿ ಗದರಿದ ಅಂದರೆ ಹತ್ತು ಮೇಜಿನವರೂ ಕೈ ಎತ್ತಿ ನಿಂತುಬಿಟ್ಟೆವು! ನನಗೆ ಎನ್‌ಸಿಸಿ ಹವಾಲ್ದಾರರ "ರುಕ್!" ನೆನಪಾಯಿತು.

ಗುಂಡು ಹಾರಿಸುವ ಮೊದಲೇ ನೋಡಬೇಕಾದದ್ದು ಬಹಳ. ನಳಿಗೆಯ ಮೇಲೆ ಏನು ಕೊರೆದಿದೆ ಅಂತ ಓದಬೇಕು. .223 ರೆಮಿಂಗ್ಟನ್ ಮತ್ತು 5.56 ನೇಟೊ ಗುಂಡುಗಳು ಪಕ್ಕಪಕ್ಕ ಇಟ್ಟರೆ ಅವಳಿ ಮಕ್ಕಳೇ. ಆದರೆ 5.56 ಕೋಣೆಯ ಮುಂದಿನ ಗಂಟಲು ಸ್ವಲ್ಪ ಉದ್ದ. 5.56 ಎಂದು ಬರೆದ ರೈಫಲ್‌ನಲ್ಲಿ ಎರಡನ್ನೂ ಹೊಡೆಯಬಹುದು. ಬರೀ .223 ಎಂದಿರುವುದರಲ್ಲಿ 5.56 ಹಾಕಿದರೆ ಒಳಗಿನ ಒತ್ತಡ ಮಿತಿ ಮೀರಬಹುದು. ಇದು ತಿಳಿಯದೆ ಅಗ್ಗಕ್ಕೆ ಸಿಕ್ಕಿತು ಅಂತ ಡಬ್ಬಿಗಟ್ಟಲೆ ಗುಂಡು ಕೊಂಡು ಬರುವವರು ಅಲ್ಲೂ ಇದ್ದಾರೆ.

ಇನ್ನೊಂದು, ನಳಿಗೆಯ ಒಳಗಿನ ಸುತ್ತು. ಗುಂಡು ತಿರುಗುತ್ತಾ ಹೋಗಲಿ ಅಂತ ಒಳಗೆ ತಿರುಚಿದ ಗೆರೆ ಕೊರೆದಿರುತ್ತಾರೆ. ಎಷ್ಟು ಇಂಚಿಗೆ ಒಂದು ಸುತ್ತು ಅನ್ನುವುದೇ ಲೆಕ್ಕ: 7, 8 ಅಥವಾ 9. ಉದ್ದನೆಯ ಭಾರದ ಗುಂಡಿಗೆ ಬಿಗಿ ಸುತ್ತು ಬೇಕು. ಗೆಳೆಯನದು 8ರದ್ದು. 55 ಗ್ರೇನ್ ಅಂದರೆ ಸುಮಾರು ಮೂರೂವರೆ ಗ್ರಾಂ ಗುಂಡಿನಿಂದ 77 ಗ್ರೇನ್ ಅಂದರೆ ಐದು ಗ್ರಾಂವರೆಗೆ ಎಲ್ಲಕ್ಕೂ ನಡೆಯುತ್ತದೆ. ಟ್ರಿಗರ್ ಮಾತ್ರ ಫ್ಯಾಕ್ಟರಿಯದು, ಸುಮಾರು ಮೂರು ಕಿಲೋ ಎಳೆತ, ಮಧ್ಯೆ ಮರಳು ಸಿಕ್ಕಿದ ಹಾಗೆ ಕರಕರ. ಜಾಹೀರಾತಿನಲ್ಲಿ ಇದನ್ನು ಯಾರೂ ಹೇಳುವುದಿಲ್ಲ. ನನ್ನ ಪ್ರಕಾರ ರೈಫಲ್‌ನಲ್ಲಿ ಮೊದಲು ನೋಡಬೇಕಾದ್ದೇ ಇದು. ಬೆರಳು ಎಳೆಯುವಾಗ ನಳಿಗೆ ಅಲುಗಿದರೆ ಉಳಿದದ್ದೆಲ್ಲ ಎಷ್ಟು ಚೆನ್ನಾಗಿದ್ದರೂ ಏನು ಪ್ರಯೋಜನ?

ಆಮೇಲೆ ಗುರಿ ಹೊಂದಿಸುವುದು. ಮರಳು ಚೀಲದ ಮೇಲೆ ರೈಫಲ್ ಇಟ್ಟು, ನಿಧಾನಕ್ಕೆ ಹೊಡೆಯುತ್ತಾ, ತೂತು ಎಲ್ಲಿ ಬಿತ್ತು ಅಂತ ನೋಡಿ ಸ್ಕ್ರೂ ತಿರುಗಿಸುವುದು. ಈ ರೈಫಲ್‌ನಲ್ಲಿ ನೋಟದ ಗೆರೆ ನಳಿಗೆಗಿಂತ ಎರಡೂವರೆ ಇಂಚು ಮೇಲಿರುತ್ತದೆ. ಹಾಗಾಗಿ ತೀರಾ ಹತ್ತಿರದ ಗುರಿಗೆ ಹೊಡೆದರೆ ಗುಂಡು ನೋಡಿದ ಜಾಗಕ್ಕಿಂತ ಕೆಳಗೇ ಬೀಳುತ್ತದೆ. ಹೊಸಬರು ಇದಕ್ಕೆ ರೈಫಲನ್ನು ಬೈಯುತ್ತಾರೆ. ಅದರ ತಪ್ಪೇನೂ ಇಲ್ಲ.

ಇಷ್ಟಾದ ಮೇಲೆ ನಿಜವಾದ ಪರೀಕ್ಷೆ. 100 ಗಜದಲ್ಲಿ, ಅಂದರೆ ಸುಮಾರು 91 ಮೀಟರ್‌ನಲ್ಲಿ, ಒಂದೇ ಚುಕ್ಕೆಗೆ ಗುರಿಯಿಟ್ಟು ಐದು ಗುಂಡು. ಐದೂ ಎಷ್ಟು ಒತ್ತಾಗಿ ಬಿದ್ದಿವೆ ಅನ್ನುವುದೇ ಗ್ರೂಪ್. ದೂರದ ಎರಡು ತೂತುಗಳ ನಡುವಿನಿಂದ ನಡುವಿಗೆ ಅಳೆಯಬೇಕು. ಒಂದು ಮಿನಿಟ್ ಆಫ್ ಆ್ಯಂಗಲ್, ಅಂದರೆ ಒಂದು ಡಿಗ್ರಿಯ ಅರವತ್ತನೇ ಒಂದು ಪಾಲು, ಆ ದೂರಕ್ಕೆ ಹೆಚ್ಚುಕಡಿಮೆ ಒಂದು ಇಂಚು. ಈ ಒಂದು ಇಂಚಿನ ಮೇಲೆ ಅಲ್ಲಿ ನಡೆಯುವ ಜಂಬಕ್ಕೆ ಲೆಕ್ಕವೇ ಇಲ್ಲ. ಪ್ರತಿಯೊಬ್ಬನ ಪರ್ಸಿನಲ್ಲೂ ಮೂರು ತೂತು ಒಂದಾಗಿರುವ ಕಾಗದದ ಚೂರು ಇರುತ್ತದೆ! ಮೂರು ಗುಂಡಿನ ಗ್ರೂಪ್ ಅದೃಷ್ಟದ ಆಟ. ಹತ್ತು ಗುಂಡು ಹೊಡೆಸಿ ನೋಡಿ, ಅದೇ ರೈಫಲ್, ಅದೇ ಮನುಷ್ಯ, ಗ್ರೂಪ್ ಹಿಗ್ಗಿರುತ್ತದೆ. ಗೆಳೆಯನ ರೈಫಲ್ ಅಗ್ಗದ ಗುಂಡಿನಲ್ಲಿ ಮೂರಿಂಚು ಹರಡಿತು, ಒಳ್ಳೆ ಗುಂಡಿನಲ್ಲಿ ಒಂದೂವರೆಗೆ ಬಂತು. ಮಾಮೂಲಿ ಫ್ಯಾಕ್ಟರಿ ರೈಫಲ್‌ಗೆ ಇದು ಚೆನ್ನಾಗಿಯೇ ಇದೆ. ಅವನಿಗೆ ಮಾತ್ರ ಸಮಾಧಾನ ಇಲ್ಲ.

ಬಿಸಿಲಿನ ವಿಷಯ ಹೇಳಲೇಬೇಕು. ಆಗಸ್ಟಿನಲ್ಲಿ ಡಲ್ಲಾಸ್ ನಮ್ಮ ಬಳ್ಳಾರಿಯ ಏಪ್ರಿಲ್‌ಗೆ ಕಡಿಮೆಯೇನಲ್ಲ, 40 ಡಿಗ್ರಿ ದಾಟುತ್ತದೆ. ಬಿಸಿಲಿನಲ್ಲಿ ಇಟ್ಟ ಗುಂಡಿನ ಮದ್ದು ಜೋರಾಗಿ ಉರಿದು ಗುಂಡಿನ ವೇಗ ಏರುತ್ತದೆ. ನಳಿಗೆ ತೆಳ್ಳಗಿದ್ದರೆ ಬೇಗ ಕಾದು ಗ್ರೂಪ್ ಹರಡುತ್ತದೆ. ಅದಕ್ಕೆ ಹೊಡೆಯುವುದಕ್ಕಿಂತ ನಳಿಗೆ ತಣ್ಣಗಾಗಲು ಕಾಯುವ ಹೊತ್ತೇ ಜಾಸ್ತಿ. ಆ ಹೊತ್ತಿನಲ್ಲಿ ನಾನು ಯೋಚಿಸಿದ್ದು ಸಂಡೂರು-ಹೊಸಪೇಟೆ ರಸ್ತೆಯ ಕೆಂಪು ಧೂಳಿನ ಬಗ್ಗೆ. ಈ ರೈಫಲ್‌ನ ಪಕ್ಕದಲ್ಲಿ ಕೇಸು ಹಾರುವ ಕಿಟಕಿಗೆ ಧೂಳು ತಡೆಯುವ ಒಂದು ಪುಟ್ಟ ಬಾಗಿಲು ಇದೆ. ಗಣಿ ಲಾರಿಗಳ ಹಿಂದೆ ಬೈಕಿನಲ್ಲಿ ಹೋದವರಿಗೆ ಗೊತ್ತು, ಆ ಧೂಳು ಬಾಗಿಲು ನೋಡಿ ನಿಲ್ಲುವಂಥದ್ದಲ್ಲ. ಇದರ ಗ್ಯಾಸ್ ಬೇರೆ ನೇರ ಬೋಲ್ಟಿನ ಮನೆಗೇ ಬಂದು ಮಸಿ ಉಗುಳುತ್ತದೆ. ಎಣ್ಣೆ ಕಡಿಮೆಯಾದರೆ ಮುನಿಸಿಕೊಳ್ಳುತ್ತದೆ. ಗುಂಡು ಸಿಕ್ಕಿಹಾಕಿಕೊಂಡರೆ ಮೊದಲು ಅನುಮಾನ ಪಡಬೇಕಾದ್ದು ಮ್ಯಾಗಜೀನನ್ನು, ಅದರ ಬಾಯಿಯ ತಗಡು ಒಂಚೂರು ಸೊಟ್ಟಗಾದರೂ ಸಾಕು. ಗೆಳೆಯನ ಒಂದು ಮ್ಯಾಗಜೀನ್ ಹಾಗೇ ಕೈ ಕೊಟ್ಟಿತು. ಅದಕ್ಕೆ ಬಣ್ಣದ ಟೇಪ್ ಸುತ್ತಿ ಪಕ್ಕಕ್ಕೆ ಇಟ್ಟೆವು. ಹೀಗೆ ಯಾವುದು ಕೆಟ್ಟಿತು ಅಂತ ಬರೆದಿಡುವುದೇ ಅರ್ಧ ಪರೀಕ್ಷೆ.

ಕಿವಿಯನ್ನು ಮರೆಯಬಾರದು. ಈ ರೈಫಲ್‌ನ ಸದ್ದು 160 ಡೆಸಿಬಲ್‌ನ ಆಸುಪಾಸು. 140 ದಾಟಿದ ಒಂದೇ ಸದ್ದು ಕಿವಿಯನ್ನು ಶಾಶ್ವತವಾಗಿ ಕೆಡಿಸಬಲ್ಲದು. ಅದಕ್ಕೆ ಒಳಗೊಂದು ಬಿರಡೆ, ಮೇಲೊಂದು ಕಿವಿಮುಚ್ಚಿಗೆ. ಕಣ್ಣಿಗೆ ಕನ್ನಡಕ, ಯಾಕೆಂದರೆ ಕಾದ ಹಿತ್ತಾಳೆ ಕೇಸು ಎಲ್ಲಿ ಹಾರುತ್ತದೋ ಹೇಳಲಾಗದು, ಅಂಗಿ ಕಾಲರಿನೊಳಗೆ ಬಿದ್ದರೆ ಕುಣಿದಾಡಬೇಕು. ಮುಗಿದ ಮೇಲೆ ಸೀಸದ ಪುಡಿ ಹೋಗಲಿ ಅಂತ ತಣ್ಣೀರಿನಲ್ಲಿ ಸೋಪು ಹಾಕಿ ಕೈ ತೊಳೆದ ನಂತರವೇ ಊಟ.

ಇಷ್ಟೆಲ್ಲ ಶಿಸ್ತು ನೋಡಿ ಯಾರಿಗಾದರೂ ಮೆಚ್ಚುಗೆಯಾಗುತ್ತದೆ. ನನಗೂ ಆಗಿದೆ. ಆದರೆ ಆ ರೈಫಲ್ ಗೆಳೆಯನ ಕೈಗೆ ಬಂದದ್ದು ಹೇಗೆ ಗೊತ್ತಾ? ಅಂಗಡಿಗೆ ಹೋದ, 4473 ಎಂಬ ಫಾರಂ ತುಂಬಿದ, ಗುರುತಿನ ಚೀಟಿ ತೋರಿಸಿದ. ಅಂಗಡಿಯವನು ಎಫ್‌ಬಿಐ ನಡೆಸುವ ಹಿನ್ನೆಲೆ ತಪಾಸಣೆಯ ವ್ಯವಸ್ಥೆಯಲ್ಲಿ ಹೆಸರು ಹಾಕಿ ನೋಡಿದ. 1998ರಿಂದ ಇದೇ ಪದ್ಧತಿ. ಕೆಲವೇ ನಿಮಿಷದಲ್ಲಿ ಸರಿ ಅಂತ ಬಂತು. ಅಷ್ಟೇ, ಡಬ್ಬ ಕಾರಿನ ಡಿಕ್ಕಿಗೆ. ಲೈಸೆನ್ಸ್ ಇಲ್ಲ, ರಿಜಿಸ್ಟ್ರೇಷನ್ ಇಲ್ಲ, ತರಬೇತಿ ಇಲ್ಲ. ಉತ್ತರ ಬರುವುದು ತಡವಾಗಿ ಮೂರು ಕೆಲಸದ ದಿನ ಕಳೆದರೆ ಅಂಗಡಿಯವನು ಕೊಟ್ಟುಬಿಡಬಹುದು, ಕಾನೂನು ಬಿಡುತ್ತದೆ. ಟೆಕ್ಸಾಸ್‌ನಲ್ಲಿ ಪಕ್ಕದ ಮನೆಯವನಿಂದ ಹಳೆಯದನ್ನು ಕೊಂಡರೆ ಈ ಫಾರಂ ಕೂಡ ಬೇಡ. ತಮಾಷೆ ಅಂದರೆ ಎಚ್-1ಬಿ ಎಂಬ ಕೆಲಸದ ವೀಸಾದ ಮೇಲೆ ಇರುವ ನಮ್ಮ ಹುಡುಗರಿಗೆ ಮಾತ್ರ ಬಂದೂಕು ಇಟ್ಟುಕೊಳ್ಳಲು ನಿಷೇಧ. ಬೇಟೆಯ ಲೈಸೆನ್ಸ್ ಪಡೆದರೆ ವಿನಾಯಿತಿ. ಒಂದು ಮೊಲವನ್ನೂ ಹೊಡೆಯದ ಸಾಫ್ಟ್‌ವೇರ್ ಎಂಜಿನಿಯರುಗಳು ಬೇಟೆಯ ಲೈಸೆನ್ಸ್ ಮಾಡಿಸುವುದು ಇದಕ್ಕೇ.

ಇದರ ಬೆಲೆ ಏನು ಅಂತ ಟೆಕ್ಸಾಸ್‌ನಲ್ಲಿ ಇರುವವರಿಗೆ ಬಿಡಿಸಿ ಹೇಳಬೇಕಿಲ್ಲ. 2022ರ ಮೇ 24ರಂದು ಯುವಾಲ್ಡಿ ಊರಿನ ಶಾಲೆಯಲ್ಲಿ 19 ಮಕ್ಕಳು, ಇಬ್ಬರು ಶಿಕ್ಷಕಿಯರು ಸತ್ತರು. ಹೊಡೆದವನಿಗೆ 18 ವರ್ಷ. ಹುಟ್ಟುಹಬ್ಬ ಕಳೆದ ಕೆಲವೇ ದಿನಗಳಲ್ಲಿ ಕಾನೂನು ಪ್ರಕಾರವೇ ಇದೇ ಜಾತಿಯ ರೈಫಲ್ ಕೊಂಡಿದ್ದ. ಮರು ವರ್ಷ ಮೇ 6ರಂದು ಅಲೆನ್ ಊರಿನ ಔಟ್‌ಲೆಟ್ ಮಾಲ್‌ನಲ್ಲಿ ಎಂಟು ಮಂದಿ. ಅಲೆನ್ ನಮ್ಮ ಮನೆಯಿಂದ ದೂರವಲ್ಲ, ಊರಿಗೆ ಹೊರಡುವ ಮುಂಚೆ ಶೂ, ಜೀನ್ಸ್ ಕೊಳ್ಳಲು ಎಲ್ಲ ದೇಸಿಗಳೂ ಹೋಗುವ ಜಾಗ. ಸತ್ತವರಲ್ಲಿ ತೆಲಂಗಾಣದ ಕಡೆಯ ಒಬ್ಬ ಎಂಜಿನಿಯರ್ ಹುಡುಗಿ ಇದ್ದಳು. ಅದಾದ ಮೇಲೆ ನಮ್ಮ ಮನೆಯವಳು ಮಾಲ್‌ಗೆ ಹೋದರೆ ಮೊದಲು ಹೊರಗೆ ಹೋಗುವ ಬಾಗಿಲು ಎಲ್ಲಿದೆ ಅಂತ ನೋಡಿಕೊಳ್ಳುತ್ತಾಳೆ. ಬಂದೂಕಿನ ಗ್ರೂಪ್ ಒಂದೂವರೆ ಇಂಚೋ ಎರಡೋ ಅಂತ ಗಂಟೆಗಟ್ಟಲೆ ಅಳೆಯುವ ದೇಶ, ಹಿಡಿದವನ ತಲೆ ನೆಟ್ಟಗಿದೆಯಾ ಅಂತ ನೋಡಲು ಕೆಲವೇ ನಿಮಿಷ ಕೊಡುತ್ತದೆ. ಯುವಾಲ್ಡಿ ನಂತರ 21ಕ್ಕಿಂತ ಚಿಕ್ಕವರಿಗೆ ಸ್ವಲ್ಪ ಹೆಚ್ಚಿನ ತಪಾಸಣೆ ಬಂತು. ಸ್ವಲ್ಪ ಅಷ್ಟೇ.

ಈಗ ನಮ್ಮ ಕಡೆ ಬನ್ನಿ.

ನಮ್ಮ ಸೋದರಮಾವನ ಹತ್ತಿರ ಒಂದು 12 ಬೋರ್ ಡಬಲ್ ಬ್ಯಾರಲ್, ಅಂದರೆ ಜೋಡಿ ನಳಿಗೆಯ ಬಂದೂಕು, ಇದೆ. ತುಂಗಭದ್ರಾ ಕಾಲುವೆಯ ಕೆಳಗೆ ಭತ್ತದ ಗದ್ದೆ, ಹಂದಿ ಕಾಟ ಅಂತ ಅವರ ಅಪ್ಪನ ಕಾಲದಲ್ಲಿ ಬೆಳೆ ರಕ್ಷಣೆಗೆ ತೆಗೆದುಕೊಂಡದ್ದು. ಅಪ್ಪ ತೀರಿಕೊಂಡ ಮೇಲೆ ಅದು ತನ್ನ ಹೆಸರಿಗೆ ಬರಲು ಮಾವ ಅಲೆದ ಅಲೆದಾಟ ನಮ್ಮ ಮನೆತನದಲ್ಲಿ ಈಗಲೂ ಕಥೆ. ಡಿಸಿ ಆಫೀಸಿಗೆ ಅರ್ಜಿ. ಪೊಲೀಸ್ ವರದಿ. ಕೇಸು ಇದೆಯಾ, ಜಗಳಗಂಟನಾ, ಕುಡಿಯುತ್ತಾನಾ ಅಂತ ಊರಲ್ಲಿ ವಿಚಾರಣೆ. ಡಾಕ್ಟರ್ ಸರ್ಟಿಫಿಕೇಟ್. ಪಹಣಿ. 1959ರ ಶಸ್ತ್ರಾಸ್ತ್ರ ಕಾಯ್ದೆ, ಅದರ ಮೇಲೆ 2016ರ ನಿಯಮಗಳು. ಈಗ ಎಲ್ಲ ಲೈಸೆನ್ಸಿಗೂ ದೇಶಕ್ಕೆಲ್ಲ ಒಂದೇ ಕಂಪ್ಯೂಟರ್ ಪಟ್ಟಿಯಲ್ಲಿ ನಂಬರ್ ಬೇಕು. ವರ್ಷಕ್ಕೆ ಎಷ್ಟು ಕಾಡತೂಸು ಕೊಳ್ಳಬಹುದು ಅಂತ ಲೈಸೆನ್ಸಿನಲ್ಲೇ ಬರೆದಿರುತ್ತದೆ. 2019ರ ತಿದ್ದುಪಡಿ ಬಂದ ಮೇಲೆ ಒಬ್ಬರಿಗೆ ಎರಡೇ ಬಂದೂಕು, ಮೊದಲು ಮೂರು ಇತ್ತು. ಮದುವೆ, ಮೆರವಣಿಗೆಯಲ್ಲಿ ಖುಷಿಗೆ ಗುಂಡು ಹಾರಿಸಿ ಜನರ ಜೀವಕ್ಕೆ ಕುತ್ತು ತಂದರೆ ಎರಡು ವರ್ಷದವರೆಗೆ ಜೈಲು, ಇಲ್ಲವೇ ಲಕ್ಷದವರೆಗೆ ದಂಡ, ಎರಡೂ ಆಗಬಹುದು.

ಇನ್ನು ಗೆಳೆಯನ ಹತ್ತಿರ ಇರುವಂಥ ಸೆಮಿ ಆಟೋಮ್ಯಾಟಿಕ್ ರೈಫಲ್ ನಮ್ಮ ಸಾಮಾನ್ಯ ಲೈಸೆನ್ಸಿಗೆ ಸಿಗುವುದೇ ಇಲ್ಲ, ಅದು ನಿರ್ಬಂಧಿತ ವರ್ಗ. ಡಿಸಿ ಸಾಹೇಬರ ಕೈಯಲ್ಲೂ ಇಲ್ಲ, ದಿಲ್ಲಿಗೇ ಹೋಗಬೇಕು. ಊರಿನ ಹುಡುಗರು "ಅಣ್ಣ, ಇಲ್ಲಿ ಯಾಕ ಕೊಡಂಗಿಲ್ಲ?" ಅಂತ ಕೇಳುತ್ತಾರೆ. ಕೊಡದೇ ಇರುವುದೇ ಒಳ್ಳೆಯದು ಅಂತ ನಾನು ಮುಖಕ್ಕೇ ಹೇಳುತ್ತೇನೆ. ಗಣಿ ದುಡ್ಡು ಹೊಳೆಯಾಗಿ ಹರಿದ ಕಾಲ ನೆನಪಿದೆ ಅಲ್ವಾ? 2011ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಬಳ್ಳಾರಿಯ ಗಣಿಗಾರಿಕೆ ನಿಲ್ಲಿಸುವವರೆಗೆ ಎಸ್‌ಯುವಿ ಹಿಂದೆ ಎಸ್‌ಯುವಿ, ಬಾಗಿಲು ತೆರೆದರೆ ಗನ್‌ಮ್ಯಾನ್ ಇಳಿಯುವುದು ಒಂದು ಅಂತಸ್ತಿನ ಗುರುತಾಗಿತ್ತು. ಆ ಕಾಲದಲ್ಲಿ ಈ ರೈಫಲ್ ಅಂಗಡಿಯಲ್ಲಿ ಸಿಕ್ಕಿದ್ದರೆ ಏನಾಗುತ್ತಿತ್ತು ಅಂತ ಯೋಚಿಸಲೂ ಮನಸ್ಸಾಗುವುದಿಲ್ಲ.

ಹಾಗಂತ ಈ ಜಾತಿಯ ರೈಫಲನ್ನು ನಾವು ಕಂಡೇ ಇಲ್ಲ ಅನ್ನುವ ಹಾಗಿಲ್ಲ. ಪೊಲೀಸರ ಹೆಗಲ ಮೇಲೆ ಇಷ್ಟು ವರ್ಷ ಇದ್ದ ಉದ್ದನೆಯ ಎಸ್‌ಎಲ್‌ಆರ್ (ಸೆಲ್ಫ್ ಲೋಡಿಂಗ್ ರೈಫಲ್) ಸೆಮಿ ಆಟೋಮ್ಯಾಟಿಕ್ಕೇ. ಬೆಲ್ಜಿಯಂನ ವಿನ್ಯಾಸ, ಬಂಗಾಳದ ಇಶಾಪುರದ ಕಾರ್ಖಾನೆಯಲ್ಲಿ ತಯಾರು, 7.62 ಗುಂಡು, 20ರ ಮ್ಯಾಗಜೀನ್, ನಾಲ್ಕು ಕಿಲೋಗೂ ಜಾಸ್ತಿ ತೂಕ. ಎಆರ್-15 ಅದರ ಮುಂದೆ ಹಗುರ. ನಮ್ಮ ಓಣಿಯಲ್ಲಿ ಒಬ್ಬರು ನಿವೃತ್ತ ಕಾನ್‌ಸ್ಟೇಬಲ್ ಇದ್ದಾರೆ. ರೇಂಜಿನ ಕಥೆ ಹೇಳಿದಾಗ ಅವರಿಗೆ ನಗು. "ನಂದು ಎಸ್‌ಎಲ್‌ಆರ್ ಬಲಕ್ಕ ಎಳೀತಿತ್ತು. ನನಗ ಗೊತ್ತಿತ್ತು, ಒಂದೀಟು ಎಡಕ್ಕ ಹಿಡಿದು ಹೊಡೀತಿದ್ದೆ. ನಟ್ಟನಡುವಿನ ಬುಲ್‌ಗೇ ಬೀಳ್ತಿತ್ತು ನೋಡು!" ಸ್ಕ್ರೂ ತಿರುಗಿಸಿ ಸರಿ ಮಾಡಬಹುದಿತ್ತಲ್ಲ ಅಂದೆ. "ನಾಳೆ ಆ ರೈಫಲ್ ಇನ್ನೊಬ್ಬರ ಕೈಗೆ ಹೋಗತೈತಿ. ಅವನಿಗೆ ಅದು ಎಡಕ್ಕ ಎಳೆದರ?" ಮಾತು ಸರಿಯೇ. ಪ್ರತಿ ಕಣ್ಣಿಗೂ, ಕೆನ್ನೆ ಒರಗಿಸುವ ರೀತಿಗೂ ಗುರಿ ಸ್ವಲ್ಪ ಬದಲಾಗುತ್ತದೆ. ಕಿವಿಗೆ ಏನು ಹಾಕುತ್ತಿದ್ದಿರಿ ಅಂದರೆ, ಹತ್ತಿ ಅಂದರು. ಅವರ ಹತ್ತಿರ ಈಗ ಎರಡೆರಡು ಸಲ ಜೋರಾಗಿ ಹೇಳಬೇಕು.

ಬಂದೂಕು ನಮಗೆ ಪರದೇಶದ ಸಾಮಾನು ಅನ್ನುವವರಿಗೆ ರಾಯಚೂರು ಕೋಟೆ ತೋರಿಸಬೇಕು. 1520ರಲ್ಲಿ ಕೃಷ್ಣದೇವರಾಯ ಆ ಕೋಟೆಗೆ ಮುತ್ತಿಗೆ ಹಾಕಿದಾಗ ಕ್ರಿಸ್ಟೊವಾವ್ ಡ ಫಿಗೇರೆಡೊ ಅನ್ನುವ ಪೋರ್ಚುಗೀಸನೊಬ್ಬ ಕೆಲವೇ ಬಂದೂಕುಗಾರರೊಂದಿಗೆ ಬಂದಿದ್ದ. ಗೋಡೆಯ ಮೇಲೆ ತಲೆ ಎತ್ತಿದವರನ್ನು ಇವರು ಗುರಿಯಿಟ್ಟು ಹೊಡೆದರು, ಕೆಳಗೆ ರಾಯನ ಸೈನಿಕರು ಗೋಡೆಯ ಕಲ್ಲು ಕೀಳುತ್ತಾ ಹೋದರು. ಕೋಟೆಯ ನಾಯಕ ಬಗ್ಗಿ ನೋಡಲು ಹೋದಾಗ ಹಣೆಗೇ ಗುಂಡು ಬಿತ್ತು ಅಂತ ಕುದುರೆ ವ್ಯಾಪಾರಿ ನೂನಿಜ್ ಬರೆದಿಟ್ಟಿದ್ದಾನೆ. ಬತ್ತಿ ಹಚ್ಚಿ ಹೊಡೆಯುವ ಆ ಕಾಲದ ಬಂದೂಕಿನಲ್ಲಿ ಹಣೆಗೆ ಹೊಡೆದದ್ದು! ಗ್ರೂಪ್ ಅಳೆಯುವ ನನ್ನ ಡಲ್ಲಾಸ್ ಗೆಳೆಯರಿಗೆ ಈ ಕಥೆ ಹೇಳಿದರೆ ಮೊದಲು ಕೇಳುವುದು "ಎಷ್ಟು ಗಜ ದೂರ?" ಅಂತ.

ಮಾವನ ಬಂದೂಕಿಗೆ ವಾಪಸ್ ಬರೋಣ. ಅದಕ್ಕೆ ವರ್ಷಕ್ಕೊಮ್ಮೆ ಆಯುಧಪೂಜೆ ದಿನ ಮಹಾ ಮರ್ಯಾದೆ. ಹಿಡಿಗೆ ವಿಭೂತಿ ಮೂರು ಪಟ್ಟೆ, ನಳಿಗೆಗೆ ಚೆಂಡು ಹೂವಿನ ಸರ, ಟ್ರ್ಯಾಕ್ಟರ್ ಪಕ್ಕದಲ್ಲಿ ಜಾಗ, ಎದುರಿಗೆ ಬೂದುಗುಂಬಳ. ಆ ಹೂವಿನ ತೇವ, ಕುಂಕುಮದ ನೀರು ನಳಿಗೆಯ ಮೇಲೇ ಒಣಗುತ್ತದೆ. ಆಮೇಲೆ ಬಟ್ಟೆ ಸುತ್ತಿ ಬೀರುವಿಗೆ. ಚುನಾವಣೆ ಘೋಷಣೆಯಾದರೆ ಪೊಲೀಸ್ ಸ್ಟೇಷನ್ನಿಗೆ, ಮುಗಿದ ಮೇಲೆ ಮತ್ತೆ ಬೀರುವಿಗೆ. ಲೋಕಸಭೆ, ವಿಧಾನಸಭೆ, ಪಂಚಾಯಿತಿ ಅಂತ ಲೆಕ್ಕ ಹಾಕಿದರೆ ಅದು ಓಡಾಡಿದ್ದೆಲ್ಲ ಸ್ಟೇಷನ್ನಿಗೇ, ಗದ್ದೆಗೆ ಹೋದದ್ದು ಕಡಿಮೆ. ನವೀಕರಣಕ್ಕೆ ಒಯ್ದಾಗ ನಂಬರ್ ತಾಳೆ ನೋಡುತ್ತಾರೆ. ಮೊದಲು ಮೂರು ವರ್ಷಕ್ಕೊಮ್ಮೆ ಇತ್ತು, ಈಗ ಐದು.

ಮಾವ ಬಂದೂಕನ್ನು ಕೀಲಿನಲ್ಲಿ ಬಗ್ಗಿಸಿ ತೆರೆದು ನಳಿಗೆಯನ್ನು ಕಿಟಕಿಯ ಬೆಳಕಿಗೆ ಹಿಡಿದರು, ನಾನು ಇಣುಕಿದೆ. ಎಡ ನಳಿಗೆ ಪರವಾಗಿಲ್ಲ. ಬಲದ್ದರಲ್ಲಿ ಮೂತಿಯಿಂದ ಒಂದು ಗೇಣು ಒಳಗೆ ತುಕ್ಕಿನ ಸಣ್ಣ ಸಣ್ಣ ಗುಳಿ. ಕಾಡತೂಸಿನ ಹಿತ್ತಾಳೆ ಬುಡ ಹಸಿರಾಗಿದೆ. ಒಂದರ ಬಾಯಿ ಉಬ್ಬಿ ಕೋಣೆಗೆ ಸಲೀಸಾಗಿ ಹೋಗುವುದೂ ಇಲ್ಲ. ಹಂದಿ ಎದುರಿಗೆ ಬಂದರೆ ಇದು ಹಾರುತ್ತದೋ ಇಲ್ಲವೋ ದೇವರಿಗೇ ಗೊತ್ತು. ಸಂಡೂರು, ಕಮಲಾಪುರದ ಕಡೆ ಆಗಿದ್ದರೆ ಹಂದಿಯ ಜೊತೆ ಕರಡಿಯೂ ಬರುತ್ತದೆ. ಕರಡಿ ಮೇಲೆ ಗುಂಡು ಹಾರಿಸುವ ಹಾಗೇ ಇಲ್ಲ, ಅದು ವನ್ಯಜೀವಿ ಕಾಯ್ದೆಯಲ್ಲಿ ಒಂದನೇ ಪಟ್ಟಿಯ ಪ್ರಾಣಿ. ಅಲ್ಲಿ ಬಂದೂಕಿನ ಕೆಲಸ ಬರೀ ಸದ್ದು. ಸದ್ದಿಗೆ ಪಟಾಕಿ ಸಾಕು.

ನನ್ನ ವಾದ ಇಲ್ಲಿದೆ. ಪೊಲೀಸರು ನಡೆಸುವ ನಾಗರಿಕ ಬಂದೂಕು ತರಬೇತಿ ಶಿಬಿರ ಒಳ್ಳೆಯ ಕೆಲಸ. ಹೊಸದಾಗಿ ಲೈಸೆನ್ಸ್ ಬೇಕಾದವರು ತರಬೇತಿ ಪಡೆದ ಪ್ರಮಾಣಪತ್ರ ಕೊಡಬೇಕು ಅನ್ನುವುದೂ 2016ರ ನಿಯಮಗಳಲ್ಲಿ ಬಂದಿದೆ. ಆದರೆ ಅದು ಒಂದು ಸಲದ ಮಾತು. ನವೀಕರಣದ ಹೊತ್ತಿಗೆ ಅರ್ಧ ದಿನ ಅದೇ ಮೈದಾನಕ್ಕೆ ಕರೆಯಲಿ. ತಂದ ಬಂದೂಕಿನ ನಳಿಗೆ, ಕುದುರೆ, ಸೇಫ್ಟಿಯನ್ನು ಆರ್ಮರರ್, ಅಂದರೆ ಬಂದೂಕು ರಿಪೇರಿ ಬಲ್ಲವರು, ಒಬ್ಬರು ನೋಡಲಿ. ಗುಂಡು ಎಲ್ಲಿ ಬಿತ್ತು ಅನ್ನುವುದು ಮುಖ್ಯವಲ್ಲ. ಬೆರಳು ಟ್ರಿಗರ್ ಹೊರಗಿದೆಯಾ, ನಳಿಗೆಯ ಮೂತಿ ಯಾರ ಕಡೆ ತಿರುಗಿದೆ, ಖಾಲಿ ಮಾಡು ಅಂದರೆ ಖಾಲಿ ಮಾಡಲು ಬರುತ್ತದಾ, ಇಷ್ಟು ನೋಡಿದರೆ ಸಾಕು. ಎಲ್ಲರ ಕಿವಿಗೂ ಮುಚ್ಚಿಗೆ, ಕಾವಲಿನ ಪೊಲೀಸರಿಗೂ ಸೇರಿಸಿ. ಇದಕ್ಕೆ ಅಮೆರಿಕದ ದುಡ್ಡು ಬೇಕಿಲ್ಲ.

ಹುಡುಗರ ಹುಚ್ಚಿಗೆ ಬೇರೆ ದಾರಿ ಇದೆ. 10 ಮೀಟರ್ ಏರ್ ರೈಫಲ್‌ಗೆ ಉದ್ದನೆಯ ಒಂದು ಕೋಣೆ ಸಾಕು. ಹತ್ತು ಅಂಕದ ಚುಕ್ಕೆ ಬರೀ ಅರ್ಧ ಮಿಲಿಮೀಟರ್. ಅಭಿನವ್ ಬಿಂದ್ರಾ 2008ರ ಒಲಿಂಪಿಕ್ಸ್‌ನಲ್ಲಿ ಚಿನ್ನ ತಂದದ್ದು ಇದರಲ್ಲೇ. ನಮ್ಮ ಪಕ್ಕದ ಕೊಲ್ಹಾಪುರ ಜಿಲ್ಲೆಯ ಸ್ವಪ್ನಿಲ್ ಕುಸಾಳೆ 2024ರಲ್ಲಿ 50 ಮೀಟರ್‌ನಲ್ಲಿ ಕಂಚು ತಂದ. ರೀಲ್ಸ್‌ನಲ್ಲಿ ಎಕೆ-47 ನೋಡಿ ಕಣ್ಣರಳಿಸುವ ಹುಡುಗನನ್ನು ಆ ಅರ್ಧ ಮಿಲಿಮೀಟರ್ ಎದುರಿಗೆ ಒಂದು ಗಂಟೆ ನಿಲ್ಲಿಸಿ ನೋಡಿ. ಉಸಿರು ಹಿಡಿಯುವುದು ಎಷ್ಟು ಕಷ್ಟ ಅಂತ ತಿಳಿದ ಮೇಲೆ ಅರ್ಧ ಹುಚ್ಚು ತಾನೇ ಇಳಿಯುತ್ತದೆ. ಉಳಿದರ್ಧ ಹುಚ್ಚು ಉಳಿಸಿಕೊಂಡವನು ಆಟಗಾರ ಆಗುತ್ತಾನೆ.

ಇದನ್ನೆಲ್ಲ ಮಾವನಿಗೆ ವಿವರಿಸಿ ಹೇಳಿದೆ. ನವೀಕರಣಕ್ಕೆ ಪರೀಕ್ಷೆ ಇಟ್ಟರೆ ಹೇಗೆ ಅಂದೆ. ಅವರು ಬಂದೂಕಿಗೆ ಬಟ್ಟೆ ಸುತ್ತುತ್ತಾ ಇದ್ದವರು ತಲೆ ಎತ್ತಿದರು.

"ನೀ ಹೇಳೋದು ಚಲೋ ಐತಿ. ಆದರ ಪರೀಕ್ಷೆ ಇಟ್ಟರ ನಾ ಫೇಲ್ ಆಗತೀನಿ."

"ಫೇಲ್ ಆದರ ಬಂದೂಕು ಕೊಟ್ಟುಬಿಡಬೇಕು ಮಾವಾ."

"ಕೊಟ್ಟರ ಆಯುಧಪೂಜಿ ದಿನ ಟ್ರ್ಯಾಕ್ಟರ್ ಪಕ್ಕ ಏನಿಡ್ಲಿ?" ಅಂದರು. ಅತ್ತೆ ಅಡುಗೆ ಮನೆಯಿಂದಲೇ ಉತ್ತರ ಕೊಟ್ಟರು: "ನಿಮ್ಮ ಕುಡುಗೋಲು ಇಡ್ರಿ, ಅದಾದರೂ ವರ್ಷಾ ಕೆಲಸ ಮಾಡತೈತಿ."